ಸಾಯಿಸುವ ನಿರ್ದೇಶಕರ ಬಾಕಿ ಮಾತು

ಬೆಳಗಿನ ಐದೂಮುಕ್ಕಾಲು. ಧಾರಾವಾಹಿಗೆಂದು ಬಾಡಿಗೆಗೆ ಹಿಡಿದ ಮನೆಯ ಮೆಟ್ಟಿಲಿನಿಂದ ಅರವತ್ತನಾಲ್ಕರ ನಿರ್ದೇಶಕರೊಬ್ಬರು ದಬದಬನೆ ಉರುಳಿ ಬರುತ್ತಾರೆ. ಬಿದ್ದಲ್ಲಿಂದಲೇ ಕ್ಯಾಮೆರಾದವನಿಗೆ ಕೂಗುತ್ತಾರೆ: "ಏಳನೇ ಮೆಟ್ಟಿಲು ಜಾರತ್ತೆ ಕಣಯ್ಯಾ, ಅಲ್ಲೊಂದು ಗೋಣಿಚೀಲ ಹಾಕ್ಸು. ಇವತ್ತು ಬೀಳೋ ಅಳಿಯಂದಿರು ಸುಖವಾಗಿ ಸಾಯಲಿ!"

ಸೆಟ್ಟಿನಲ್ಲಿ ಇವರು ಯಮಣ್ಣ. ಯಾವ ಪಾತ್ರ ಚಾನೆಲ್ಲಿಗೆ ಬೇಡವಾದರೂ ಅದನ್ನು ಮುಗಿಸಲು ಕರೆ ಬರುವುದು ಇವರಿಗೇ. ಈವರೆಗೆ ನಲವತ್ತೊಂದು ಸಾವು: ಹತ್ತೊಂಬತ್ತು ಕಾರು ಅಪಘಾತ, ಹನ್ನೊಂದು ಮೆಟ್ಟಿಲು, ಉಳಿದವರಿಗೆ ಹೃದಯಾಘಾತ. "ಒಬ್ಬನಿಗೆ ಲಿಫ್ಟಲ್ಲೇ ಎದೆ ಹಿಡಿಸ್ದೆ. ಅವನು ಸತ್ಮೇಲೂ ಮೂರು ಎಪಿಸೋಡು ಲಿಫ್ಟು ಇಳೀತಾನೇ ಇತ್ತು!" ಇದಕ್ಕೂ ಮುಂಚೆ ಸ್ವಂತದ್ದೊಂದು ಸಿನಿಮಾ ಮಾಡಿದ್ದರು, ಶುಕ್ರವಾರ ಬಂದು ಸೋಮವಾರ ಹೋಯಿತು. ಆಮೇಲೆ ಸೋಪಿನ ಜಾಹೀರಾತು, ದನದ ಲಸಿಕೆಯ ಸಾಕ್ಷ್ಯಚಿತ್ರ. "ಆ ಎಮ್ಮೆ ಕೇಳಿದಷ್ಟು ನನ್ನ ಮಾತು ಇನ್ಯಾರೂ ಕೇಳ್ಲಿಲ್ಲ."

ನಲವತ್ತೊಂದರಲ್ಲಿ ಒಂದರ ಮಾತು ಬಂದಾಗ ಮಾತ್ರ ನಗು ನಿಲ್ಲುತ್ತದೆ. ಇದೇ ಧಾರಾವಾಹಿಯ ಅತ್ತೆ. ಆ ಪಾತ್ರ ಮಾಡುತ್ತಿದ್ದವರು ಇವರ ಒಡಹುಟ್ಟಿದ ಅಕ್ಕ. ಆರು ವರ್ಷದ ಹಿಂದೆ ಆಕೆ ಮಂಡಿನೋವಿಗೆಂದು ಹದಿನೈದು ದಿನ ರಜೆ ಕೇಳಿದ್ದೇ ತಪ್ಪಾಯಿತು. ಮುಗಿಸಿಬಿಡಿ ಎಂದಿತು ಚಾನೆಲ್.

"ತಲೆಸುತ್ತಿ ಬೀಳೋ ಸೀನು ಅಂತ ಸುಳ್ಳು ಹೇಳ್ದೆ. ಕಟ್ ಅಂದ್ಮೇಲೆ ಎದ್ದು ಬಟ್ಟೆ ಕೊಡವಿಕೊಂಡು ಕೇಳಿದ್ಳು, ನಾಳೆ ಎಷ್ಟು ಗಂಟೆಗೆ ಬರ್ಲೋ ಅಂತ. ನಾನು ನೀರು ಕುಡಿಯೋ ನೆಪ ಮಾಡ್ದೆ."

ಹಾರ ಹಾಕಿ ಗೋಡೆಗೆ ತೂಗಿದ ತನ್ನ ಫೋಟೋವನ್ನು ಅಕ್ಕ ನೋಡಿದ್ದು ಟೀವಿಯಲ್ಲಿ. ಮತ್ತೆ ಯಾರೂ ಆಕೆಯನ್ನು ನಟಿಸಲು ಕರೆಯಲಿಲ್ಲ. ಅಕ್ಕ ತಮ್ಮನ ನಡುವೆ ಮಾತೂ ನಿಂತಿತು.

ಈಗ ಚಾನೆಲ್ಲಿನವರ ಬೆನ್ನು ಬಿದ್ದು, ಸತ್ತ ಅತ್ತೆಗೊಬ್ಬ ಅವಳಿ ತಂಗಿಯನ್ನು ಹುಟ್ಟಿಸಿದ್ದಾರೆ ಯಮಣ್ಣ. ಆಕೆ ಬಾಗಿಲು ತೆರೆದು ಒಳಬರುವ ಸೀನು ಇವತ್ತೇ. ಅಕ್ಕನನ್ನು ಕರೆತರಲು ಕಾರು ಹೋಗಿದೆ.

ಏಳಕ್ಕೆ ಡ್ರೈವರನ ಫೋನು. ಗಡಿಬಿಡಿಯಲ್ಲಿ ಸ್ಪೀಕರ್ ಒತ್ತಿದರೆ, ಸೆಟ್ಟಿಗೆಲ್ಲ ಅಕ್ಕನ ದನಿ.

"ಸತ್ತೋಳನ್ನ ಎಬ್ಬಿಸೋದು ನಿಂಗೆ ನೀರು ಕುಡಿದಷ್ಟು ಸುಲಭ ಕಣೋ. ನಾಳೆ ಎಷ್ಟು ಗಂಟೆಗೆ ಬರ್ಬೇಕು, ಅದನ್ನ ಹೇಳು."

ಯಮಣ್ಣ ಕೈಯಲ್ಲಿದ್ದ ಲೋಟ ಕೆಳಗಿಡುತ್ತಾರೆ. "ನಾಳೆ ಇಲ್ಲ ಅಕ್ಕ. ಇವತ್ತೊಂದೇ ಸೀನು."

ಆಚೆ ಕಡೆ ಕಾರಿನ ಬಾಗಿಲು ದಡಾರನೆ ಮುಚ್ಚಿದ ಸದ್ದು. ಆಮೇಲೆ, "ಇಷ್ಟು ಹೇಳೋಕೆ ಆರು ವರ್ಷ ಬೇಕಾಯ್ತೇನೋ, ದಡ್ಡ? ಒಂದು ದಿನದ ಜನ್ಮಕ್ಕೆ ಈ ಮಂಡಿ ಎಳ್ಕೊಂಡು ಬರಲ್ಲ ನಾನು. ಕಾರು ವಾಪಸ್ ಕಳಿಸ್ತೀನಿ. ಭಾನುವಾರ ಮನೆಗೆ ಬಾ."

ಬಾಗಿಲ ಸೀನಿನ ಮೇಲೆ ಯಮಣ್ಣ ಪೆನ್ನಿನಿಂದ ಗೀಟು ಎಳೆಯುತ್ತಾರೆ. ಎರಡು ಸಲ ಎಳೆಯುತ್ತಾರೆ.

ಅಳಿಯನ ಪಾತ್ರದ ನಟ ಆಗಷ್ಟೇ ಬಂದು ಮೆಟ್ಟಿಲ ಮೇಲೆ ಕೂತು ತಲೆ ಬಾಚಿಕೊಳ್ಳುತ್ತಿದ್ದಾನೆ. ಇವತ್ತು ಕಾಲು ಉಳುಕುವ ಸೀನು ಎಂದಷ್ಟೇ ಅವನಿಗೆ ಹೇಳಲಾಗಿದೆ. ಯಮಣ್ಣ ಕಂಬಿ ಹಿಡಿದು ನಿಧಾನ ಹತ್ತಿ, ಏಳನೇ ಮೆಟ್ಟಿಲಲ್ಲಿ ಅವನ ಪಕ್ಕ ಕೂರುತ್ತಾರೆ.

"ಬಾಚಣಿಗೆ ಕೆಳಗಿಡಪ್ಪಾ. ನಿಂಗೊಂದು ಮಾತು ಹೇಳ್ಬೇಕು."