ಗೋರೆಗಾಂವಿನ ಗುಡ್ಡದೂರಿನಲ್ಲಿ ಬಟಾಟೆ ಬೆಳೆ

ಮುಂಬಯಿಯ ಫೋರ್ಟಿನ ಆಫೀಸಿನಿಂದ ನಿವೃತ್ತಳಾದ ಮೇಲೆ ನಾನು ಮಾಡಿದ ಮೊದಲ ಕೆಲಸವೆಂದರೆ, ಬ್ರಿಟಿಷರ ಕಾಲದ ಒಂದು ಗುಡ್ಡದೂರಿನ ಸಂತೆಯಲ್ಲಿ ಬಟಾಟೆ ಮಾರುವುದು. ಊರು ಇದ್ದದ್ದು ಗೋರೆಗಾಂವಿನಲ್ಲೇ, ನಮ್ಮ ಮನೆಯಿಂದ ರಿಕ್ಷಾದಲ್ಲಿ ಇಪ್ಪತ್ತು ನಿಮಿಷ.

ನಮ್ಮ ಬಿಲ್ಡಿಂಗಿನ ಮೂರನೇ ಮಾಳಿಗೆಯಲ್ಲಿ ಉಡುಪಿ ಕಡೆಯವರೊಬ್ಬರಿದ್ದಾರೆ. ಸಿನಿಮಾಗಳಿಗೆ ಗುಂಪಿನಲ್ಲಿ ನಿಲ್ಲುವ ಜನರನ್ನು ಒದಗಿಸುವುದು ಅವರ ಉದ್ಯೋಗ. ಸಂತೆಯ ದೃಶ್ಯಕ್ಕೆ ಗೊತ್ತುಮಾಡಿದ್ದ ಮುದುಕಿಯೊಬ್ಬಳು ಕೈಕೊಟ್ಟಳೆಂದು ನನ್ನ ಬಳಿ ಬಂದರು.

"ನಂಗ ಆ್ಯಕ್ಟಿಂಗ್ ಬರೂದಿಲ್ಲರೀ," ಅಂದೆ.

"ಸುಮ್ನೆ ಕೂತ್ಕೊಂಡ್ರೆ ಸಾಕು ಮಾರಾಯ್ರೆ. ಆಫೀಸಲ್ಲಿ ಮೂವತ್ತು ವರ್ಷ ಕೂತವ್ರಲ್ವಾ ನೀವು?"

ಅದು ನಿಜವಾದ್ದರಿಂದ ಹೋದೆ.

ಸೆಟ್ಟಿಗೆಂದು ಗುಡ್ಡದ ಇಳಿಜಾರನ್ನು ಮೆಟ್ಟಿಲು ಮೆಟ್ಟಿಲಾಗಿ ಕಡಿದು ಕೆಂಪು ಮಣ್ಣು ತುಂಬಿ ಹೊಲ ಮಾಡಿದ್ದರು. ಮೇಲೆ ಪ್ಲೈವುಡ್ಡಿನ ಇಗರ್ಜಿ, ಸಾಹೇಬನ ಬಂಗಲೆ. ಕೆಳಗೆ ಆದಿವಾಸಿಗಳ ಹುಲ್ಲಿನ ಗುಡಿಸಲುಗಳು. ಕತೆ ಹೀಗಿತ್ತು: ಆದಿವಾಸಿಗಳ ಊರಿಗೆ ಬಂದ ಸಾಹೇಬ ಬಟಾಟೆ ಬೆಳೆಸುತ್ತಾನೆ, ಹಿಮ ಬಿದ್ದು ಬೆಳೆ ಸಾಯುತ್ತದೆ, ಜನ ದಂಗೆ ಏಳುತ್ತಾರೆ.

ಪಕ್ಕದ ಪಾಡಾದಿಂದ, ಅಂದರೆ ಆದಿವಾಸಿಗಳ ಕೇರಿಯಿಂದ, ಒಬ್ಬ ವಾರ್ಲಿ ಹೆಂಗಸೂ ಬಂದಿದ್ದಳು. ಹೆಚ್ಚುಕಡಿಮೆ ನನ್ನದೇ ವಯಸ್ಸು. ಆಕೆಯ ಅಜ್ಜಿಯ ಕಾಲದಿಂದ ಆ ಗುಡ್ಡದ ಬುಡದಲ್ಲೇ ತೊಂಡೆ, ಮೂಲಂಗಿ ಬೆಳೆದುಕೊಂಡು ಬಂದವರು. ನಿರ್ದೇಶಕ ದಿಲ್ಲಿಯ ಹುಡುಗ. ಆಕೆಯನ್ನು ಎರಡು ಸಲ ಸುತ್ತುಹಾಕಿ ನೋಡಿ, ಈಕೆ ಆದಿವಾಸಿಯ ಹಾಗೆ ಕಾಣುವುದಿಲ್ಲ ಎಂದ. ಆ ಜಾಗಕ್ಕೆ ವಿಲೆ ಪಾರ್ಲೆಯ ಕಾಲೇಜು ಹುಡುಗಿಯೊಬ್ಬಳಿಗೆ ಕಪ್ಪು ಬಳಿದು, ತಲೆಗೆ ಗರಿ ಸಿಕ್ಕಿಸಿ ನಿಲ್ಲಿಸಿದರು. ನಿಜವಾದ ವಾರ್ಲಿಗೆ ಧೂಳೇಳದಂತೆ ದಾರಿಗೆ ನೀರು ಚಿಮುಕಿಸುವ ಕೆಲಸ ಕೊಟ್ಟರು. ಬೇಜಾರಾಯಿತೇ ಎಂದು ಮರಾಠಿಯಲ್ಲಿ ಕೇಳಿದೆ. ಗರಿ ಯಾವ ಹಕ್ಕಿಯದು ಎಂದು ಆಕೆ ನನ್ನನ್ನೇ ಕೇಳಿದಳು.

ನಾಲ್ಕನೇ ದಿನ ನಾಯಕ ಕುದುರೆಯಿಂದ ಬಿದ್ದು ಕಾಲು ಮುರಿದುಕೊಂಡ. ಶೂಟಿಂಗ್ ನಿಂತಿತು. ನಾನು ಮಾರದೆ ಉಳಿಸಿದ ಬಟಾಟೆ ಚೀಲಗಳಲ್ಲೇ ಮೊಳಕೆಯೊಡೆದವು. ಎಸೆಯಲು ಹೊರಟ ವಾಚ್‌ಮನ್‌ನಿಂದ ವಾರ್ಲಿ ಹೆಂಗಸು ಅವನ್ನು ಕೇಳಿ ಪಡೆದಳು. ಎದುರಿಗೇ ಹದವಾದ ಹೊಲ ಖಾಲಿ ಬಿದ್ದಿತ್ತು. ಚಳಿಗಾಲವೂ ಶುರುವಾಗಿತ್ತು.

ಎರಡು ತಿಂಗಳ ಮೇಲೆ ಶೂಟಿಂಗ್ ಮತ್ತೆ ಶುರುವಾಗಿ ನಾವು ಹಿಮಕ್ಕೆ ಸತ್ತ ಬೆಳೆಯ ಮುಂದೆ ಅಳಲು ಹೋದರೆ, ಗುಡ್ಡವಿಡೀ ಹಚ್ಚಗೆ ನಿಂತಿದೆ. ಸೆಟ್ಟಿನವರು ಕಿತ್ತುಹಾಕಲು ಕೈಹಾಕಿದಾಗ ಆಕೆ ಕೊಡ ಕೆಳಗಿಟ್ಟು ಅಡ್ಡ ನಿಂತಳು. ಗಡ್ಡೆ ಇನ್ನೂ ಬಲಿತಿಲ್ಲ, ಮೂರು ವಾರ ಬೇಕು ಅಂದಳು. ಅದನ್ನು ನಾನು ಹಿಂದಿಯಲ್ಲಿ ನಿರ್ದೇಶಕನಿಗೆ ಹೇಳಿದೆ. ಆತ ಸಿಟ್ಟಾಗುವ ಮೊದಲೇ ಕ್ಯಾಮೆರಾದವನು ಇಂಥ ಹಸಿರು ದುಡ್ಡು ಕೊಟ್ಟರೂ ಸಿಗುವುದಿಲ್ಲ ಎಂದುಬಿಟ್ಟ. ಕತೆ ಬರೆದವರನ್ನು ಕರೆಸಿದರು. ಅವರು ಮರದ ಕೆಳಗೆ ಕೂತು ಊಟದ ಹೊತ್ತಿಗೆ ಚರಿತ್ರೆಯನ್ನು ಬದಲಿಸಿದರು. ಹಿಮ ಬೀಳುವುದಿಲ್ಲ, ಬೆಳೆ ಚೆನ್ನಾಗಿ ಬರುತ್ತದೆ, ಸಾಹೇಬ ಅದನ್ನು ಕಸಿದುಕೊಳ್ಳುತ್ತಾನೆ, ಅದಕ್ಕೇ ದಂಗೆ. ಗಡ್ಡೆ ಬಲಿಯುವ ತನಕ ಬಂಗಲೆಯೊಳಗಿನ ದೃಶ್ಯಗಳನ್ನು ತೆಗೆಯುತ್ತ ಕಾದರು. ಆಕೆ ದಿನಾ ಬೆಳಿಗ್ಗೆ ಒಂದು ಗಿಡದ ಬುಡ ಕೆದಕಿ ನೋಡುತ್ತಿದ್ದಳು. ಆಕೆ ತಲೆ ಅಲ್ಲಾಡಿಸಿದರೆ ಆವತ್ತೂ ಒಳಗೇ ಶೂಟಿಂಗ್.

ಕಡೆಗೂ ಆಕೆ ಹೂಂ ಅಂದ ದಿನ ಎಲ್ಲರೂ ಸೇರಿ ಅಗೆದೆವು. ಗರಿಯ ಹುಡುಗಿ ಗುದ್ದಲಿಯಿಂದ ಗಡ್ಡೆಗಳನ್ನೇ ಸೀಳಿದ್ದರಿಂದ ಆಕೆಯನ್ನು ದೂರ ಕೂರಿಸಬೇಕಾಯಿತು. ಚೀಲ ತುಂಬಿತು, ಕ್ಯಾಮೆರಾ ಓಡಿತು. ಸಾಹೇಬನ ವೇಷದಲ್ಲಿದ್ದವನು ಯೋಗ ಕಲಿಯಲು ಬಂದ ರಷ್ಯಾದ ಯುವಕ. ಸಿಪಾಯಿಗಳೊಂದಿಗೆ ಬಂದು ಅವನು ಮೊದಲ ಚೀಲಕ್ಕೆ ಕೈಹಾಕಿದ. ಎಲ್ಲಿಂದಲೋ ಬಂದ ವಾರ್ಲಿ ಹೆಂಗಸು ಇನ್ನೊಂದು ಮೂಲೆ ಹಿಡಿದಳು. ಆತ ಎಳೆದ, ಆಕೆ ಎಳೆದಳು. ಸಿಪಾಯಿಗಳೂ ಎಳೆದರು. ನಾನೂ ಎದ್ದುಹೋಗಿ ಆಕೆಯ ಸೊಂಟ ಹಿಡಿದೆ. ಯಾಕೆ ಹಾಗೆ ಮಾಡಿದೆನೋ ಇವತ್ತಿಗೂ ತಿಳಿಯದು. ಸುಮ್ಮನೆ ಕೂತಿರುವುದೊಂದೇ ನನ್ನ ಕೆಲಸವಾಗಿತ್ತು. ಸಾಹೇಬ ಬೆವರುತ್ತ "ಸಾರಿ ತಾಯಿ, ಸಾರಿ" ಎಂದು ಬಿಟ್ಟುಬಿಟ್ಟ. ನಾವಿಬ್ಬರೂ ಚೀಲದ ಸಮೇತ ಹಿಂದಕ್ಕೆ ಬಿದ್ದೆವು.

ನಿರ್ದೇಶಕನ ಕಣ್ಣಲ್ಲಿ ನೀರಿತ್ತು. ಆದಿವಾಸಿಯೆಂದರೆ ಇದು ಎಂದು ಎಲ್ಲರಿಗೂ ಹೇಳಿದ. ಇನ್ನೊಮ್ಮೆ ಹಾಗೇ ಮಾಡಲು ಕೇಳಿಕೊಂಡ. ಆಕೆ ಸೀರೆ ಕೊಡವಿಕೊಂಡಳು.

"ನಿಮ್ಮದು ನಾಟಕ ಅಂತ ನನಗೆ ಗೊತ್ತು," ಅಂದಳು. "ಬಟಾಟೆ ನಾನು ಬೆಳೆದದ್ದು. ಚೀಲಕ್ಕೆ ಹುಲ್ಲು ತುಂಬಿಕೊಳ್ಳಿ, ಬೇಕಾದಷ್ಟು ಸಲ ಎಳೆಯುತ್ತೇನೆ."

ಹುಲ್ಲು ತುಂಬಿದರು. ಆದರೆ ಹುಲ್ಲಿನ ಚೀಲವನ್ನು ಸಾಹೇಬ ಮುಟ್ಟಿದ್ದೇ ಆಕೆ ಮರ್ಯಾದೆಯಿಂದ ಬಿಟ್ಟುಕೊಡುತ್ತಿದ್ದಳು. ಬೇರೆ ದಾರಿಯಿಲ್ಲದೆ ಮೊದಲು ತೆಗೆದದ್ದನ್ನೇ ಉಳಿಸಿಕೊಂಡರು.

ಹೋದ ವರ್ಷ ಸಿನಿಮಾ ಬಂತು. ಆಕೆಯ ಮನೆಯ ಕಟ್ಟೆಯ ಮೇಲೆ ಕೂತು ಇಬ್ಬರೂ ನನ್ನ ಫೋನಿನಲ್ಲಿ ನೋಡಿದೆವು. ಸಾಹೇಬ ಇನ್ಯಾರದೋ ಗಡಸು ದನಿಯಲ್ಲಿ ಎಲ್ಲವನ್ನೂ ಎತ್ತಿಕೊಂಡು ಹೋಗಿ ಎಂದು ಹುಕುಂ ಮಾಡುತ್ತಾನೆ. ಬಾಯಿ ಮಾತ್ರ ಸ್ಪಷ್ಟವಾಗಿ ಸಾರಿ ಸಾರಿ ಅನ್ನುತ್ತಿದೆ. ಆಕೆ ಆ ಭಾಗವನ್ನು ನನ್ನಿಂದ ಮೂರು ಸಲ ಹಾಕಿಸಿದಳು.