ಬೆಡಗು ಬೇರೆ ಅಂದ ನಾಗೇಂದ್ರಪ್ಪ

ಜಗಳೂರಿನ ನಾಗೇಂದ್ರಪ್ಪ ಬಸ್ ಓಡಿಸಾಕೆ ಕೂತ ಅಂದ್ರೆ ಹಿಂದಿನ ಸೀಟಿನೋರ ನಿದ್ದೆ ಹಾರಿಹೋಗ್ತಿತ್ತು. ಅವನ ಎರಡೂ ರೆಪ್ಪೆ ಅರ್ಧಕ್ಕೆ ಜೋತುಬಿದ್ದಿದ್ದವು. ಪಾಪ, ಅವನು ಎಚ್ಚರವಾಗೇ ಇರ್ತಿದ್ದ. ಗದ್ದ ಮೇಲೆತ್ತಿ, ರೆಪ್ಪೆ ಸಂದಿಯಿಂದ ರಸ್ತೆ ನೋಡ್ತಿದ್ದ. ಕನ್ನಡಿಯಲ್ಲಿ ಆ ಮುಖ ಕಂಡ ಹೆಂಗಸರು "ಅಯ್ಯಯ್ಯೋ, ಡ್ರೈವರ್ ಮಲಗ್ಯಾನೆ!" ಅಂತ ಬೊಬ್ಬೆ ಹೊಡೆಯೋರು. ಒಂದ್ಸಲ ಹೊನ್ನಾಳಿ ಹತ್ರ ಒಬ್ಬ ಅಜ್ಜಿ ಎದ್ದುಬಂದು ತಂಬಿಗೆ ನೀರು ತಲೆ ಮೇಲೆ ಸುರಿದೇಬಿಟ್ಟಳು. "ಎದ್ದೇ ಇದೀನಿ ಕಣಜ್ಜಿ" ಅಂದ ಇವನು. "ಎದ್ದೋರ ಮುಖ ಹಿಂಗಿರ್ತೈತೇನೋ?" ಅಂತ ಅದಕ್ಕೂ ಬೈಸಿಕೊಂಡ.

ಕಡೆಗೆ ಮಾಲೀಕರು ಸ್ಟೇರಿಂಗ್ ಬಿಡಿಸಿ, ಬಸ್ ಸ್ಟ್ಯಾಂಡಿನಲ್ಲಿ "ಚನ್ನಗಿರಿ, ನ್ಯಾಮತಿ" ಅಂತ ಕೂಗೋ ಕೆಲಸಕ್ಕೆ ನಿಲ್ಲಿಸಿದರು. "ಮೊದ್ಲು ಕಣ್ಣು ತೋರಿಸ್ಕೊಂಡು ಬಾರಪ್ಪ" ಅಂದರು.

ಅದು ಎಂಬತ್ತೊಂಬತ್ತನೇ ಇಸವಿ. ಬೆಂಗಳೂರಿನ ದೊಡ್ಡಾಸ್ಪತ್ರೆ ಡಾಕ್ಟರು ತೋಳಿನ ಸ್ನಾಯುವಿನ ಚೂರು ತೆಗೆದು, ಸೂಕ್ಷ್ಮದರ್ಶಕದಲ್ಲಿ ನೋಡಿ, ತಿಳಿಯೋ ಹಂಗೆ ಹೇಳಿದರು: "ಜೀವಕೋಶದೊಳಗೆ ಶಕ್ತಿ ತಯಾರಿಸೋ ಪುಟ್ಟ ಒಲೆಗಳಿವೆ, ಮೈಟೊಕಾಂಡ್ರಿಯಾ ಅಂತ. ನಿಮ್ಮ ಒಲೆಗಳಲ್ಲಿ ಉರಿ ಸಾಲದು. ಅದಕ್ಕೇ ರೆಪ್ಪೆ ಏಳ್ತಿಲ್ಲ."

"ಹಂಗಾದ್ರೆ ಇದು ಸೋಮಾರಿತನ ಅಲ್ಲ ಅಂತ ಒಂದು ಚೀಟಿ ಕೊಡ್ರಿ ಸಾರ್, ಹೆಂಡ್ತಿಗೆ ತೋರಿಸಬೇಕು" ಅಂದ ನಾಗೇಂದ್ರಪ್ಪ.

ತಮಾಷೆ ಬಾಯಲ್ಲಿ ಮಾತ್ರ. ಹೊಟ್ಟೆಯೊಳಗೆ ಮಗಳು ಸಾವಂತ್ರಿಯ ಚಿಂತೆ. ಸಂತೇಬೆನ್ನೂರಿನ ದುರುಗಪ್ಪನ ಮಗ ಅವಳನ್ನು ಒಪ್ಪಿದ್ದ. ಆದರೆ ಹುಡುಗಿಗೂ ಮುಂದೆ ಅಪ್ಪನ ಕಣ್ಣೇ ಬಂದ್ರೆ ಅಂತ ದುರುಗಪ್ಪ ಅನುಮಾನ ತೆಗೆದು ಕೂತಿದ್ದ.

"ಮನೇಲಿ ಬೇರೆ ಯಾರಿಗಿತ್ತು?" ಕೇಳಿದರು ಡಾಕ್ಟರು.

"ನಮ್ಮವ್ವಗಿತ್ತು ಸಾರ್. ನಮ್ಮಕ್ಕಗಿತ್ತು."

"ಹಾಗಾದ್ರೆ ಇದು ತಾಯಿಯಿಂದ ಮಕ್ಕಳಿಗೆ ಹೋಗೋದು. ಗಂಡಸರಿಗೂ ಬರುತ್ತೆ, ಆದ್ರೆ ಅವರು ತಮ್ಮ ಮಕ್ಕಳಿಗೆ ಕೊಡಲ್ಲ. ಹೆಂಡತಿ ನಿಮಗೆ ರಕ್ತಸಂಬಂಧವೇ?"

"ಛೇ ಛೇ! ಅಂಥಾ ಕೆಲಸ ಮಾಡ್ತೀವಾ ಸಾರ್? ಆಕಿ ಬೆಡಗೇ ಬೇರೆ!"

ಬೆಡಗು ಅಂದರೆ ಅಪ್ಪನ ಕಡೆಯಿಂದ ಬರೋ ವಂಶದ ಹೆಸರು. ಒಂದೇ ಬೆಡಗಿನೋರು ಅಣ್ಣ-ತಂಗಿ ಇದ್ದಂಗೆ, ಮದುವೆ ಆಗಂಗಿಲ್ಲ. ಬೆಡಗು ಬೇರೆ ಆಯ್ತಂದ್ರೆ ರಕ್ತಾನೂ ಬೇರೆ ಅನ್ನೋದು ನಾಗೇಂದ್ರಪ್ಪನ ಲೆಕ್ಕ. ಡಾಕ್ಟರಿಗೆ ಅದೆಲ್ಲ ಎಲ್ಲಿ ಗೊತ್ತು? "ಹಾಗಾದ್ರೆ ಮಗಳ ಚಿಂತೆ ಬಿಡಿ" ಅಂದುಬಿಟ್ಟರು.

ಈ ಪುಣ್ಯಾತ್ಮ ಮನೆಗೆ ಬರೋದು ಬಿಟ್ಟು ನೇರ ಸಂತೇಬೆನ್ನೂರಿಗೆ ಹೋಗಿ ಇಳಿದ. "ಬೀಗರೇ, ಕೊಡೋರು ಹೆಂಗಸರಂತೆ! ನಾನು ತಗಂಡೋನು, ಕೊಡೋನಲ್ಲ!" ಅಂತ ಪಡಸಾಲೆ ಹಾರಿಹೋಗೋ ಹಂಗೆ ಕೂಗಿದ. ದುರುಗಪ್ಪ ನಕ್ಕು, ಬಾಯಿಗೆ ಸಕ್ಕರೆ ಹಾಕಿ ಕಳಿಸಿದ.

ಮನೆಯಲ್ಲಿ ಹೆಂಡತಿ ಚೌಡಮ್ಮ ಶೇಂಗಾ ಸುಲಿಯುತ್ತಾ ಎಲ್ಲಾ ಕೇಳಿದಳು. ಅವಳ ಕೈ ನಿಂತಿತು.

"ಮಾವ, ನಾನು ಯಾರ ಮಗಳು?"

"ಇದೇನು ಕೇಳ್ತೀಯೆ? ನಮ್ಮಕ್ಕನ ಮಗಳು."

"ನಮ್ಮವ್ವನ ಕಣ್ಣು ಹೆಂಗಿದ್ವು?"

ನಾಗೇಂದ್ರಪ್ಪ ಬೆರಳು ಮಡಚಿ ಲೆಕ್ಕ ಹಾಕಿದ. ಏಳದ ರೆಪ್ಪೆಯೂ ಅವತ್ತು ಒಂಚೂರು ಎದ್ದಿರಬೇಕು. ಅವ್ವನಿಂದ ಅಕ್ಕಗೆ, ಅಕ್ಕನಿಂದ ಇವಳಿಗೆ, ಇವಳಿಂದ ಸಾವಂತ್ರಿಗೆ. ಇವಳ ಕಣ್ಣು ನೆಟ್ಟಗಿದ್ವು ನಿಜ, ಆದ್ರೆ ಒಳಗಿನ ಒಲೆ ಕಂಡೋರ್ಯಾರು?

"ಸುಮ್ಮನಿದ್ರೆ ಯಾರಿಗೆ ಗೊತ್ತಾಗ್ತೈತೆ?" ಅಂದ ಮೆಲ್ಲಗೆ.

"ನನಗೆ ಗೊತ್ತಾಯ್ತಲ್ರೀ" ಅಂದಳು ಚೌಡಮ್ಮ.

ಮರುದಿನ ಗಂಡನ್ನ ಕರಕೊಂಡು ತಾನೇ ಸಂತೇಬೆನ್ನೂರಿಗೆ ಹೋಗಿ, ಇದ್ದದ್ದು ಇದ್ದಂಗೆ ಹೇಳಿದಳು. ದುರುಗಪ್ಪ ಎಲೆಯಡಿಕೆ ಉಗಿದು ಬಂದು, "ಆಗ್ಲಿ, ಆಮೇಲೆ ನೋಡಾಣ" ಅಂದ. ನಮ್ಮ ಕಡೆ ಬೀಗರು ಹಂಗಂದ್ರೆ ಚಪ್ಪಲಿ ಮೆಟ್ಟಿಕೊಂಡು ಹೊರಡ್ರಿ ಅಂತಲೇ ಅರ್ಥ.

ಜಗಳೂರಿಗೆ ಬಂದು ನಾಗೇಂದ್ರಪ್ಪ ಪೋಸ್ಟಾಫೀಸಿನಿಂದ ಡಾಕ್ಟರಿಗೆ ಟ್ರಂಕ್ ಕಾಲ್ ಹಾಕಿದ. "ಸಾರ್, ಹೆಂಡ್ತಿ ಅಕ್ಕನ ಮಗಳಾದ್ರೆ ಅದೂ ರಕ್ತಸಂಬಂಧಾನಾ?" ಅಂತ ಅವನು ಅರಚಿದ್ದು ಸಂತೆಗೆ ಬಂದೋರಿಗೆಲ್ಲಾ ಕೇಳಿಸಿತು. ಆ ಕಡೆ ಡಾಕ್ಟರು ತಲೆ ಚಚ್ಚಿಕೊಂಡಿರಬೇಕು. "ರೀ, ಮೊದಲೇ ಹೇಳಬಾರದೇನ್ರೀ! ಮಗಳನ್ನ ಕರ್ಕೊಂಡು ಬನ್ನಿ. ರಕ್ತದಲ್ಲೇ ವಂಶವಾಹಿ ಪರೀಕ್ಷೆ ಮಾಡೋದು ಹೊರದೇಶದಲ್ಲಿ ಈಗಷ್ಟೇ ಶುರುವಾಗಿದೆ, ಕಳಿಸಿ ನೋಡೋಣ" ಅಂದರು.

ಮನೆಗೆ ಬಂದು ಜಗಲಿ ಮೇಲೆ ಕೂತ. "ಸಂಬಂಧಾನೇ ಹೋಯ್ತು, ಇನ್ಯಾಕವ್ವ ಪರೀಕ್ಷೆ?" ಅಂತ ಮಗಳ ಮುಂದೆ ಅತ್ತೇಬಿಟ್ಟ.

"ಅವರಿಗೋಸ್ಕರ ಅಲ್ಲಪ್ಪ" ಅಂದಳು ಸಾವಂತ್ರಿ. "ಕಣ್ಣು ನಂದು. ನನಗೆ ತಿಳೀಬೇಕು."

ಚೌಡಮ್ಮ ಸೆರಗಿನಿಂದ ಮುಖ ಒರೆಸಿಕೊಂಡು, ಬಳೆ ಮೇಲಕ್ಕೆ ಸರಿಸಿದಳು.

"ನಾನೂ ಬರ್ತೀನಿ. ಕೊಟ್ಟಿದ್ರೆ ಕೊಟ್ಟಾಕಿ ನಾನು. ಮೊದ್ಲು ನನ್ನ ರಕ್ತ ತೆಗೀಲಿ."