ಕೆಳಗಿನ ಸಾಲು

ಮದುವೆ ಮುಂಜಿವೆಗಳಲ್ಲಿ ಬಾಡಿಗೆ ಮೈಕಿನ ಮುಂದೆ ನಾವು ಮೂವರು ಒಡಹುಟ್ಟಿದವರು ಹಾಡುತ್ತಿದ್ದ ಆ ಎಂಬತ್ತರ ದಶಕವನ್ನು ನಮ್ಮ ಬಂಧು ಬಳಗವೆಲ್ಲ ಬಾಯಿ ಚಪ್ಪರಿಸಿ ನೆನೆಯುತ್ತದೆ. ನನಗೆ ಮಾತ್ರ ವಾಕರಿಕೆ ಬರುತ್ತದೆ. ಮೈಕಿನ ಸ್ಪಂಜಿಗೆ ಕಂಡವರ ಎಂಜಲು, ಬೀಡಿ, ಎಲೆಯಡಿಕೆ ಎಲ್ಲದರ ನಾತ. ಅದಕ್ಕೆ ಬಾಯಿ ಹಚ್ಚಿ ಸುಮಕ್ಕ, ಅಣ್ಣ ರಾಘು, ಹತ್ತು ವರ್ಷದ ನಾನು ದೇವರನಾಮ ಹಾಡಬೇಕು. ಎದುರಿಗೆ ಜನ ಸಾರು ಸೊರ ಸೊರ ಸುರಿದು ತೇಗುತ್ತಿದ್ದರು.

ಅಪ್ಪ ಕಲಬುರಗಿಯ ಒಂದು ಕಚೇರಿಯಲ್ಲಿ ಗುಮಾಸ್ತ. ಸಂಜೆಯಾದರೆ ಹಾರ್ಮೋನಿಯಂ. ಒಂದೇ ಹಾಡನ್ನು ಮೂವರಿಂದ ಏಕಕಾಲಕ್ಕೆ ಮೂರು ಸ್ವರದಲ್ಲಿ ಹಾಡಿಸುವುದು ಅವನ ಹುಚ್ಚು. ನನ್ನದು ಮುಖ್ಯ ಧಾಟಿ, ರಾಘುವಿನದು ಮೇಲಿನದು, ಸುಮಕ್ಕನದು ಧಾಟಿಗೆ ಒತ್ತಾಗಿ ತಗ್ಗು ಸ್ವರದಲ್ಲಿ ಸಾಗುವ ಕೆಳಗಿನ ಸಾಲು. ನಿಜವಾದ ಕಂಠವಿದ್ದದ್ದು ಅವಳಿಗೇ. ಆದರೆ ಸಣ್ಣ ಹುಡುಗಿ ಮುಂದಿದ್ದರೆ ಜನ ಮೆಚ್ಚುತ್ತಾರೆಂದು ಅಪ್ಪ ಅವಳನ್ನು ನಾಲ್ಕು ವರ್ಷ ನನ್ನ ಧ್ವನಿಯ ಕೆಳಗೇ ಇಟ್ಟ.

ನನಗೆ ಹತ್ತು ತುಂಬಿದ ಬೇಸಿಗೆಯಲ್ಲಿ ಕಮಲಾಪುರದ ಒಂದು ಮುಂಜಿವೆಯಲ್ಲಿ ಹಾಡಲು ಹೋದೆವು. ಸುಮಕ್ಕನನ್ನು ನೋಡಲು ಹುಡುಗನ ಮನೆಯವರೂ ಅಲ್ಲಿಗೇ ಬರುವವರಿದ್ದರು. ಬಸ್ಸಿನಲ್ಲಿ ಅವಳು ನನ್ನ ಕಿವಿಯಲ್ಲಿ, "ಫೋಟೋದಾಗ ನೋಡೀನಿ, ನಂಗ ಮನಸ್ಸಿಗೆ ಬಂದಾನ. ಯಾರ ಮುಂದೂ ಅನಬ್ಯಾಡ," ಎಂದಿದ್ದಳು.

ಬಾಳೆಹಣ್ಣು ತಿಂದರೆ ಕಫ ಕಟ್ಟುತ್ತದೆಂದು ಅಪ್ಪ ನಮಗೆ ಮುಟ್ಟಗೊಡುತ್ತಿರಲಿಲ್ಲ. ಅಲ್ಲಿ ನೋಡಿದರೆ ಆ ಊರಿನ ಕೆಂಪು ಬಾಳೆಹಣ್ಣಿನ ಗೊನೆ! ಒಂದು ಸುತ್ತಿನ ಹಾಡು ಮುಗಿದದ್ದೇ ತಡ, ಒಂದನ್ನು ಕದ್ದು ಬಾಯಿಗೆ ತುರುಕಿಕೊಂಡೆ. ಅಷ್ಟರಲ್ಲಿ ಹುಡುಗನ ತಾಯಿ, "ಕೂಡಿ ಹಾಡಿದ್ದು ಕೇಳಿದ್ವಿ. ಈಗ ಹುಡುಗಿ ಒಬ್ಬಾಕಿನೇ ಹಾಡ್ಲಿ," ಅಂದರು.

ಸುಮಕ್ಕ ಅಂಜಿದಳು. ನಾಲ್ಕು ವರ್ಷದ ರೂಢಿ, ಕೆಳಗಿನ ಸಾಲನ್ನೇ ಹಿಡಿದಳು. ಮೇಲೆ ಧಾಟಿಯಿಲ್ಲದೆ ಅದು ಹಾಡೇ ಅಲ್ಲ. ಅವಳಿಗೂ ತಿಳಿದು ನನ್ನತ್ತ ನೋಡಿದಳು. ನಾನು ಧಾಟಿ ಎತ್ತಿಕೊಂಡಿದ್ದರೆ ಸಾಕಿತ್ತು. ಕದ್ದದ್ದು ಅಪ್ಪನಿಗೆ ಗೊತ್ತಾಗುತ್ತದೆಂದು ತುಟಿ ಬಿಗಿದು ಕುಳಿತೆ. ಹಣ್ಣು ಬಾಯಲ್ಲೇ ಲೋಳೆಯಾಯಿತು.

"ಶ್ರುತಿನೇ ಇಲ್ಲಲ್ರೀ," ಅಂದರು ಆ ತಾಯಿ.

ಅಪ್ಪ ಹಲ್ಲು ಕಿರಿದ. "ಆಕಿದು ಸ್ವಲ್ಪ ಕಚ್ಚಾನೇ ಅದ ರೀ. ಸಣ್ಣಾಕಿ ಛಲೋ ಹಾಡ್ತಾಳ."

ತಾನೇ ಕಲಿಸಿದ ಸಾಲು ಅದು ಎಂದು ಒಂದು ಮಾತು ಆಡಲಿಲ್ಲ. ಥೂ! ಅವನ ಮೇಲೂ ನನ್ನ ಮೇಲೂ ಇವತ್ತಿಗೂ ಹೇಸಿಗೆಯಾಗುತ್ತದೆ.

ಸಂಬಂಧ ಮುರಿಯಿತು. ಮುಂದಿನ ವಾರವೇ ಅಪ್ಪ ಸುಮಕ್ಕನನ್ನು ಮನೆಯಲ್ಲೇ ಬಿಟ್ಟು, ಕೆಳಗಿನ ಸಾಲಿಗೆ ರಾಘುವನ್ನು ಹಾಕಿ ನಮ್ಮಿಬ್ಬರನ್ನೂ ಇನ್ನೊಂದು ಮದುವೆಗೆ ಎಳೆದೊಯ್ದ. ರಾಘುವಿನ ಧ್ವನಿ ಒಡೆದ ಮೇಲೆ ಮೇಳವೇ ನಿಂತಿತು. ಸುಮಕ್ಕ ಬೇರೆ ಕಡೆ ಮದುವೆಯಾದಳು. ಮಕ್ಕಳನ್ನು ಮಲಗಿಸುವಾಗಲೂ ಅವಳು ಹಾಡಿದ್ದನ್ನು ಯಾರೂ ಕೇಳಿಲ್ಲ.

ಈಗ ಅಡುಗೆಮನೆಯಲ್ಲಿ ಆ ಹಾಡು ಬಾಯಿಗೆ ಬಂದರೆ ನನ್ನ ಧ್ವನಿ ನನಗೇ ಬೋಳು ಬೋಳಾಗಿ ಕೇಳುತ್ತದೆ. ಮೊನ್ನೆ ತಡೆಯಲಾರದೆ ಅವಳಿಗೆ ಫೋನ್ ಮಾಡಿದೆ. "ಅಕ್ಕಾ, ನಾ ಹಾಡ್ತೀನಿ, ನೀ ಕೆಳಗಿಂದು ಹಿಡಿ. ಒಂದೇ ನುಡಿ," ಎಂದು ಧಾಟಿ ಎತ್ತಿದೆ. ಕೊನೆಯ ತನಕ ನಾನೊಬ್ಬಳೇ ಹಾಡಬೇಕಾಯಿತು.

ನುಡಿ ಮುಗಿದ ಮೇಲೆ ಅವಳು ಮೆಲ್ಲಗೆ ಕೇಳಿದಳು: "ಈಗ ಬಾಯಾಗ ಏನೂ ಇಲ್ಲೇನು?"